ಒಂದು ಹೆಸರಿನ ಅರ್ಥ, ಮೂಲ ನೀವೇ ಹುಡುಕಿಕೊಳ್ಳುವುದು ಹೇಗೆ?

"ಈ ಹೆಸರಿನ ಅರ್ಥ ಏನು? ಇದು ಯಾವ ಭಾಷೆಯದು?" ಓದುಗರಿಂದ ಮತ್ತೆ ಮತ್ತೆ ಬರುವ ಪ್ರಶ್ನೆ ಇದು. ಕೆಲವರಿಗೆ ಹುಟ್ಟಲಿರುವ ಮಗುವಿಗೆ ಹೆಸರು ಬೇಕು. ಕೆಲವರಿಗೆ ಅಜ್ಜಿಯ ಹೆಸರಿನ ಹಿನ್ನೆಲೆ ತಿಳಿಯಬೇಕು. ಹೊರದೇಶದಲ್ಲಿರುವವರಿಗೆ ಪಕ್ಕದ ಮೇಜಿನ ಘಾನಾದವರ ಹೆಸರೋ ಐಸ್‌ಲ್ಯಾಂಡಿನವರ ಹೆಸರೋ ಕುತೂಹಲ ಹುಟ್ಟಿಸಿರುತ್ತದೆ. ಒಂದೊಂದು ಹೆಸರಿಗೂ ಬೇರೆ ಬೇರೆ ಉತ್ತರ ಬರೆಯುವ ಬದಲು, ಹುಡುಕುವ ಕ್ರಮವನ್ನೇ ಇಲ್ಲಿ ಬರೆದಿದ್ದೇನೆ. ಇದು ಗೊತ್ತಾದರೆ ಯಾವ ಹೆಸರನ್ನಾದರೂ ನೀವೇ ಬಿಡಿಸಬಹುದು.

ಇಂಟರ್ನೆಟ್ಟಿನಲ್ಲಿ ಹೆಸರು ಟೈಪ್ ಮಾಡಿದರೆ ಅರ್ಥ ಸಿಗುತ್ತದಲ್ಲ, ಇಷ್ಟೆಲ್ಲಾ ಯಾಕೆ ಅನ್ನಬಹುದು. ಈಗ ತುಂಬಾ ಕೇಳಿಬರುವ ಆರವ್ ಹೆಸರನ್ನೇ ತೆಗೆದುಕೊಳ್ಳಿ. ಮಕ್ಕಳ ಹೆಸರಿನ ಪಟ್ಟಿಗಳಲ್ಲಿ ಅದಕ್ಕೆ "ಶಾಂತ" ಎಂಬ ಅರ್ಥ ಕೊಟ್ಟಿರುತ್ತಾರೆ. ಸಂಸ್ಕೃತ ನಿಘಂಟು ತೆಗೆದರೆ 'ಆರವ' ಎಂದರೆ ಕೂಗು, ಸದ್ದು, ಗದ್ದಲ. 'ರವ' ಎಂದರೆ ಸದ್ದು. 'ಕಲರವ' ಎಲ್ಲರಿಗೂ ಗೊತ್ತಿರುವ ಮಾತೇ ಅಲ್ವಾ? ಮೊದಲ ಅಕ್ಷರ ಹ್ರಸ್ವವಾಗಿ 'ಅರವ' ಆಗಿದ್ದರೆ "ಸದ್ದಿಲ್ಲದ" ಎನ್ನಬಹುದಿತ್ತು. ದೀರ್ಘ ಬಂದ ತಕ್ಷಣ ಅರ್ಥ ಪೂರ್ತಿ ತಿರುಗಿತು. ಹಾಗಂತ ಆ ಹೆಸರು ಇಡಬಾರದು ಎಂದು ನಾನು ಹೇಳುತ್ತಿಲ್ಲ. ಮನೆ ತುಂಬಾ ಸದ್ದು ಮಾಡುವ ಮಗುವಿಗೆ ಅದು ಚೆಂದದ ಹೆಸರು. ಆದರೆ ಏನು ಇಡುತ್ತಿದ್ದೇವೆ ಎಂದು ತಿಳಿದು ಇಡೋಣ.

ಮೊದಲು ಏನೇನು ಬೇಕು

ಒಂದು ನೋಟ್‌ಬುಕ್ಕು. ಹೆಸರು ಹೊತ್ತವರನ್ನೋ ಅವರ ಮನೆಯ ಹಿರಿಯರನ್ನೋ ಕೇಳುವ ಅವಕಾಶ. ಮತ್ತೆ ನಾಲ್ಕೈದು ನಿಘಂಟುಗಳು. ಅವುಗಳಲ್ಲಿ ಹೆಚ್ಚಿನವು ಆನ್‌ಲೈನಿನಲ್ಲಿ ಉಚಿತವಾಗಿಯೇ ಸಿಗುತ್ತವೆ. ಯಾವ ಭಾಷೆಗೆ ಯಾವುದು ಎಂದು 4ನೇ ಹಂತದಲ್ಲಿ ಹೇಳುತ್ತೇನೆ.

ಇನ್ನೂ ಒಂದಿದೆ, ಎರಡು ಪ್ರಶ್ನೆಗಳನ್ನು ಬೇರೆ ಬೇರೆ ಇಟ್ಟುಕೊಳ್ಳುವ ಅಭ್ಯಾಸ. "ಈ ಪದದ ಅರ್ಥ ಏನು" ಎಂಬುದು ಒಂದು. "ಈ ಮನುಷ್ಯರಿಗೆ ಈ ಹೆಸರು ಯಾಕೆ ಇಟ್ಟರು" ಎಂಬುದು ಇನ್ನೊಂದು. ಮೊದಲನೆಯದಕ್ಕೆ ನಿಘಂಟಿನಲ್ಲಿ ಉತ್ತರ ಸಿಗುತ್ತದೆ. ಎರಡನೆಯದನ್ನು ಮನೆಯವರನ್ನೇ ಕೇಳಬೇಕು. ಹೆಚ್ಚಿನ ಗೊಂದಲ ಹುಟ್ಟುವುದು ಇವೆರಡನ್ನು ಬೆರೆಸಿದಾಗ.

ಹಂತ 1: ಹೆಸರನ್ನು ಅದರ ಸ್ವಂತ ಲಿಪಿಯಲ್ಲಿ ಬರೆದುಕೊಳ್ಳಿ

ಇಂಗ್ಲಿಷ್ ಸ್ಪೆಲ್ಲಿಂಗ್ ನೋಡಿ ಅರ್ಥ ಹುಡುಕಲು ಹೊರಡಬೇಡಿ. ಇಂಗ್ಲಿಷಿನಲ್ಲಿ ಬರೆದರೆ ಹ್ರಸ್ವ ದೀರ್ಘ ಹೋಗುತ್ತದೆ, ಅಲ್ಪಪ್ರಾಣ ಮಹಾಪ್ರಾಣ ಹೋಗುತ್ತದೆ, ತ ಮತ್ತು ಟ ಒಂದೇ ಆಗುತ್ತವೆ. ಮಾಲಾ ಎಂದರೆ ಹಾರ, ಮಲ ಎಂದರೆ ಕೊಳೆ. ಇಂಗ್ಲಿಷಿನಲ್ಲಿ ಎರಡೂ ಒಂದೇ ನಾಲ್ಕು ಅಕ್ಷರ. ಶಂಕರ ಎಂದರೆ ಒಳ್ಳೆಯದನ್ನು ಮಾಡುವವನು, ಸಂಕರ ಎಂದರೆ ಬೆರಕೆ. ಅನಲ ಬೆಂಕಿ, ಅನಿಲ ಗಾಳಿ.

ಕನ್ನಡ ಲಿಪಿಯೂ ಎಲ್ಲ ಭಾಷೆಗೂ ಸಾಲುವುದಿಲ್ಲ. ಅರಬ್ಬಿಯಲ್ಲಿ ನಮಗೆ 'ಕ' ಎಂದು ಕೇಳುವ ಎರಡು ಬೇರೆ ಅಕ್ಷರಗಳಿವೆ. ಒಂದನ್ನು ಬಾಯಿಯ ಹಿಂಭಾಗದಿಂದ, ಗಂಟಲಿನ ಹತ್ತಿರದಿಂದ ಹೇಳುತ್ತಾರೆ. ಆ ಅಕ್ಷರದಲ್ಲಿ ಬರೆದ 'ಕಲ್ಬ್' ಎಂದರೆ ಹೃದಯ. ಇನ್ನೊಂದರಲ್ಲಿ ಬರೆದರೆ ನಾಯಿ! ಆದ್ದರಿಂದ ಅರಬ್ಬಿ ಹೆಸರಾದರೆ ಗೊತ್ತಿದ್ದವರ ಹತ್ತಿರ ಅರಬ್ಬಿಯಲ್ಲೋ ಉರ್ದುವಿನಲ್ಲೋ ಬರೆಸಿಕೊಳ್ಳಿ.

ಜಪಾನಿನಲ್ಲಿ ಇದು ಇನ್ನೂ ಮುಖ್ಯ. ಅಲ್ಲಿ ಬಹಳಷ್ಟು ಹೆಸರುಗಳ ಅರ್ಥ ಅವನ್ನು ಬರೆಯುವ ಚಿತ್ರಾಕ್ಷರದಲ್ಲಿರುತ್ತದೆ. ಇವನ್ನು ಕಾಂಜಿ ಎನ್ನುತ್ತಾರೆ, ಚೀನಾದಿಂದ ಬಂದ ಲಿಪಿ. ಯೋಕೊ ಎಂಬ ಒಂದೇ ಹೆಸರನ್ನು "ಸಾಗರ" ಎಂಬ ಅಕ್ಷರದಿಂದಲೂ ಬರೆಯುತ್ತಾರೆ, "ಬಿಸಿಲು" ಎಂಬುದರಿಂದಲೂ ಬರೆಯುತ್ತಾರೆ, "ಎಲೆ" ಎಂಬುದರಿಂದಲೂ ಬರೆಯುತ್ತಾರೆ. ಕೊನೆಯ 'ಕೊ' ಎಂದರೆ ಮಗು. ಆದ್ದರಿಂದ "ಯೋಕೊ ಎಂದರೇನು" ಎಂದು ಕೇಳಿ ಪ್ರಯೋಜನವಿಲ್ಲ. "ನಿಮ್ಮ ಯೋಕೊವನ್ನು ಹೇಗೆ ಬರೆಯುತ್ತೀರಿ" ಎಂದು ಕೇಳಬೇಕು.

ಹಂತ 2: ಹೆಸರನ್ನು ಬಿಡಿಸಿ, ಯಾವ ತುಂಡು ಏನು ಎಂದು ಗುರುತಿಸಿ

ಇಡೀ ಹೆಸರಿಗೆ ಒಟ್ಟಿಗೆ ಅರ್ಥ ಹುಡುಕಲು ಹೋದರೆ ದಾರಿ ತಪ್ಪುತ್ತದೆ. ಒಂದು ಹೆಸರಿನಲ್ಲಿ ಊರು, ತಂದೆ, ಮನೆತನ, ಕಸುಬು, ಗೌರವದ ಮಾತು ಎಲ್ಲವೂ ಸೇರಿರಬಹುದು.

ನಮ್ಮಿಂದಲೇ ಶುರು ಮಾಡೋಣ. ಹಳೆ ಮೈಸೂರು ಕಡೆ ಇನಿಷಿಯಲ್ ಪದ್ಧತಿ. ಕುಪ್ಪಳಿ ವೆಂಕಟಪ್ಪ ಪುಟ್ಟಪ್ಪ ಎಂದರೆ ಊರು, ತಂದೆ, ಕೊನೆಗೆ ಸ್ವಂತ ಹೆಸರು. ಸರ್ ಎಂ. ವಿಶ್ವೇಶ್ವರಯ್ಯನವರ ಎಂ ಎಂದರೆ ಮೋಕ್ಷಗುಂಡಂ. ಅವರು ಹುಟ್ಟಿದ್ದು ಮುದ್ದೇನಹಳ್ಳಿಯಲ್ಲಾದರೂ ಹಿರಿಯರ ಊರು ಇಂದಿನ ಆಂಧ್ರದ ಮೋಕ್ಷಗುಂಡಂ ಎಂಬುದನ್ನು ಆ ಒಂದು ಅಕ್ಷರ ಹೇಳುತ್ತದೆ. ಕೊಡಗಿನಲ್ಲಿ ಮೊದಲು ಬರುವುದು ಒಕ್ಕದ ಹೆಸರು. ಒಕ್ಕ ಎಂದರೆ ಒಂದೇ ಮೂಲಪುರುಷನಿಂದ ಬಂದ ಮನೆತನ. ಕೊಡಂದೆರ ಮಾದಪ್ಪ ಕಾರಿಯಪ್ಪ ಎಂಬಲ್ಲಿ ಕೊಡಂದೆರ ಒಕ್ಕ, ಮಾದಪ್ಪ ತಂದೆ.

ಉತ್ತರ ಕರ್ನಾಟಕದ ಅಡ್ಡಹೆಸರುಗಳು ನನಗೆ ಬಹಳ ಇಷ್ಟ. ಅಲ್ಲಿ ಜೀವನವೇ ಹೆಸರಾಗಿದೆ. ಬಡಿಗೇರ ಮರಗೆಲಸದವರು, ಕಂಬಾರ ಕಬ್ಬಿಣದ ಕೆಲಸದವರು, ಕುಲಕರ್ಣಿ ಊರಿನ ಲೆಕ್ಕ ಬರೆಯುತ್ತಿದ್ದವರು, ಪಾಟೀಲ ಊರಿನ ಮುಖ್ಯಸ್ಥರು, ಜೋಶಿ ಜ್ಯೋತಿಷ್ಯ ಹೇಳುತ್ತಿದ್ದವರು. ಬೆಲ್ಲದ, ಮೆಣಸಿನಕಾಯಿ, ಉಳ್ಳಾಗಡ್ಡಿ, ಅಂಗಡಿ ಅಂತೂ ಕೇಳಿದರೆ ಸಂತೆಯೇ ಕಣ್ಮುಂದೆ ಬರುತ್ತದೆ. ಊರಿನ ಹೆಸರೂ ಅಡ್ಡಹೆಸರಾಗುತ್ತದೆ. ಗಂಗೂಬಾಯಿ ಹಾನಗಲ್ ಎಂಬ ಹೆಸರು ಬಿಡಿಸಿ ನೋಡಿ. ಗಂಗೂ ನದಿಯಿಂದ ಬಂತು, ಬಾಯಿ ಗೌರವದ ಮಾತು, ಹಾನಗಲ್ ಈಗಿನ ಹಾವೇರಿ ಜಿಲ್ಲೆಯ ಊರು.

ಗೌರವದ ಮಾತುಗಳನ್ನು ಮೊದಲು ಪಕ್ಕಕ್ಕಿಡಿ. ನಮ್ಮಲ್ಲಿ ಅಪ್ಪ, ಅಣ್ಣ, ಅಯ್ಯ, ಅಮ್ಮ, ಅಕ್ಕ, ಅವ್ವ. ಇದು ನಮ್ಮಲ್ಲಿ ಮಾತ್ರ ಇಲ್ಲ. 1961ರಿಂದ 1971ರವರೆಗೆ ವಿಶ್ವಸಂಸ್ಥೆಯ ಮಹಾಕಾರ್ಯದರ್ಶಿ ಆಗಿದ್ದ ಬರ್ಮಾದ ಊ ಥಾಂಟ್ ಅವರ ಹೆಸರು ಬರೀ ಥಾಂಟ್. ಊ ಎಂಬುದು ಹಿರಿಯರನ್ನು ಕರೆಯುವ ಗೌರವದ ಮಾತು. ಅಡ್ಡಹೆಸರೂ ಅಲ್ಲ, ಇನಿಷಿಯಲ್ಲೂ ಅಲ್ಲ.

ಆಮೇಲೆ "ಇಂಥವರ ಮಗ, ಮಗಳು" ಎಂದು ಹೇಳುವ ತುಂಡನ್ನು ಹುಡುಕಿ. ಇದಕ್ಕೆ ಪಿತೃನಾಮ ಎನ್ನುತ್ತಾರೆ. ಐಸ್‌ಲ್ಯಾಂಡಿನಲ್ಲಿ ಇದು ಈಗಲೂ ಜೀವಂತ. 1980ರಲ್ಲಿ ಅಲ್ಲಿ ಅಧ್ಯಕ್ಷೆಯಾಗಿ ಆಯ್ಕೆಯಾದ ವಿಗ್ದಿಸ್ ಫಿನ್ಬೊಗಾದೋತ್ತಿರ್ ಅವರ ಎರಡನೆಯ ಹೆಸರಿಗೆ "ಫಿನ್ಬೊಗಿಯ ಮಗಳು" ಎಂದರ್ಥ. ಅವರ ಅಣ್ಣನೋ ತಮ್ಮನೋ ಆದರೆ ಕೊನೆಗೆ 'ಸನ್' ಬರುತ್ತದೆ. ಒಂದೇ ಮನೆಯ ಅಣ್ಣ ತಂಗಿಗೆ ಬೇರೆ ಬೇರೆ ಕೊನೆಹೆಸರು! ರಷ್ಯಾದಲ್ಲಿ ನಡುವಿನ ಹೆಸರು ಗಂಡಿಗೆ 'ಒವಿಚ್', ಹೆಣ್ಣಿಗೆ 'ಒವ್ನಾ' ಎಂದು ಮುಗಿಯುತ್ತದೆ. ಸ್ಪೇನಿನ ಫರ್ನಾಂಡೆಜ್ ಎಂದರೆ ಫರ್ನಾಂಡೊನ ಮಗ. ಅರಬ್ಬಿಯಲ್ಲಿ 'ಬಿನ್' ಎಂದರೆ ಮಗ, 'ಬಿಂತ್' ಎಂದರೆ ಮಗಳು. ವೇಲ್ಸಿನಲ್ಲಿ 'ಆಪ್' ಎಂದರೆ ಮಗ. ಅದು ಹೆಸರಿಗೇ ಅಂಟಿಕೊಂಡು ಆಪ್ ಹೊವೆಲ್ ಹೋಗಿ ಪೊವೆಲ್ ಆಯಿತು, ಆಪ್ ರೀಸ್ ಹೋಗಿ ಪ್ರೈಸ್ ಆಯಿತು. ಬೆಲೆಗೂ ಈ ಪ್ರೈಸಿಗೂ ಸಂಬಂಧವೇ ಇಲ್ಲ.

ಎಚ್ಚರಿಕೆ: ಜೋಡಿಯಾಗಿ ನಿಲ್ಲಬೇಕಾದ್ದನ್ನು ಕತ್ತರಿಸಬೇಡಿ. ಅಬ್ದುಲ್ ಎಂಬುದನ್ನು ಮೊದಲ ಹೆಸರು ಎಂದುಕೊಂಡು "ಅಬ್ದುಲ್ ಎಂದರೇನು" ಎಂದು ಬಹಳ ಜನ ಕೇಳುತ್ತಾರೆ. ಅದು ಅರ್ಧ ಪದ. 'ಇಂಥವನ ಸೇವಕ' ಎಂದು ಅದರ ಅರ್ಥ, ಯಾರ ಸೇವಕ ಎಂಬುದು ಮುಂದಿನ ಪದದಲ್ಲಿದೆ. ಹಿಂದೂಸ್ತಾನಿ ಸಂಗೀತದ ಕಿರಾನಾ ಘರಾನೆಯ ಗಾಯಕ ಅಬ್ದುಲ್ ಕರೀಂ ಖಾನ್ ಅವರ ಹೆಸರಿನಲ್ಲಿ ಅಬ್ದುಲ್ ಕರೀಂ ಎಂಬುದು ಒಂದೇ ಹೆಸರು, "ಉದಾರಿಯಾದ ದೇವರ ಸೇವಕ". ಖಾನ್ ಮಧ್ಯ ಏಷ್ಯಾದಿಂದ ಬಂದ ಬಿರುದು.

ಬಿರುದನ್ನೇ ಹೆಸರೆಂದು ತಿಳಿಯುವುದು ಇನ್ನೊಂದು ತಪ್ಪು. ಕಲಬುರಗಿಯ ಖ್ವಾಜಾ ಬಂದೇ ನವಾಜ್ ಅವರ ಹೆಸರು ಸೈಯದ್ ಮುಹಮ್ಮದ್ ಹುಸೈನಿ. ಬಂದೇ ನವಾಜ್ ಎಂಬುದು ಪಾರ್ಸಿ, ಅಂದರೆ ಪರ್ಷಿಯನ್ ಭಾಷೆಯ ಬಿರುದು, ಸೇವಕರಿಗೆ ಕರುಣೆ ತೋರುವವರು ಎಂದು. ಗೇಸು ದರಾಜ್ ಎಂದೂ ಕರೆಯುತ್ತಾರೆ, ಅಂದರೆ ಉದ್ದ ಕೂದಲಿನವರು.

ಹಂತ 3: ಯಾವ ಭಾಷೆ ಎಂದು ತೀರ್ಮಾನಿಸಿ. ಸದ್ದು ನೋಡಿ ಅಲ್ಲ, ಮನುಷ್ಯರನ್ನು ನೋಡಿ

ಹೆಚ್ಚು ಜನ ಎಡವುವುದು ಇಲ್ಲೇ. ಎರಡು ಭಾಷೆಗಳಲ್ಲಿ ಒಂದೇ ತರ ಕೇಳುವ ಹೆಸರು ಬೇಕಾದಷ್ಟಿವೆ. ಒಂದರ ಅರ್ಥ ಇನ್ನೊಂದಕ್ಕೆ ಹಚ್ಚಬಾರದು.

ಅನಿಕೇತ ಎಂದರೆ ಸಂಸ್ಕೃತದಲ್ಲಿ ಮನೆಯಿಲ್ಲದವನು, ಒಂದೇ ಕಡೆ ನೆಲೆ ನಿಲ್ಲದವನು. ಅನಿಕೇತನ ಎಂಬ ಮಾತು ಕನ್ನಡಿಗರಿಗೆ ಚೆನ್ನಾಗಿ ಗೊತ್ತು. ಗ್ರೀಕ್ ಭಾಷೆಯಲ್ಲಿ ಅನಿಕೇತೊಸ್ ಎಂಬ ಹೆಸರಿದೆ. ಅದಕ್ಕೆ ಸೋಲದವನು ಎಂದರ್ಥ. ಕೇಳಲು ಎಷ್ಟು ಹತ್ತಿರ, ಆದರೆ ಎರಡಕ್ಕೂ ಸಂಬಂಧವಿಲ್ಲ. ಆ ಗ್ರೀಕ್ ಹೆಸರಿನಿಂದಲೇ ರಷ್ಯಾದ ನಿಕಿತಾ ಬಂತು. ಅಲ್ಲಿ ಅದು ಗಂಡಸರ ಹೆಸರು, ನಿಕಿತಾ ಕ್ರುಶ್ಚೇವ್ ನೆನಪಾಗಬಹುದು. ನಮ್ಮಲ್ಲಿ ಹೆಣ್ಣುಮಕ್ಕಳಿಗೆ ಇಡುತ್ತಾರೆ. ಶೀಲಾ ನಮಗೆ ಒಳ್ಳೆಯ ನಡತೆ. ಐರ್ಲೆಂಡಿನ ಶೀಲಾ ಮಾತ್ರ ಸಿಸಿಲಿಯಾ ಎಂಬ ಹೆಸರಿನ ಅಲ್ಲಿನ ರೂಪ. ತಾರಾ ನಮಗೆ ನಕ್ಷತ್ರ, ಐರ್ಲೆಂಡಿನವರಿಗೆ ಹಿಂದಿನ ರಾಜರ ಒಂದು ಗುಡ್ಡ.

ಕರ್ನಾಟಕದ ಒಳಗೇ ಒಂದು ಉದಾಹರಣೆ ಇದೆ. ಮನ್ಸೂರ್ ಎಂಬುದು ಅರಬ್ಬಿ ಹೆಸರು, ಗೆಲುವು ಪಡೆದವನು ಎಂದು. ಹಾಗಾದರೆ ಮಲ್ಲಿಕಾರ್ಜುನ ಮನ್ಸೂರ ಅವರ ಹೆಸರಿನಲ್ಲಿ ಅರಬ್ಬಿ ಇದೆಯಾ? ಅದು ಧಾರವಾಡದ ಹತ್ತಿರದ ಅವರ ಹಳ್ಳಿಯ ಹೆಸರು. ನಿಘಂಟು ಮಾತ್ರ ನೋಡಿದ್ದರೆ ಊರು ಕೈತಪ್ಪುತ್ತಿತ್ತು.

ಹಾಗಾಗಿ ಮೂರು ವಿಷಯ ಕೇಳಿ. ಈ ಹೆಸರಿನವರು ಎಲ್ಲಿಯವರು? ಮನೆಯಲ್ಲಿ ಯಾವ ಭಾಷೆ, ಯಾವ ದೇವರು? ಮನೆತನದಲ್ಲಿ ಈ ಹೆಸರು ಮೊದಲು ಯಾರಿಗಿತ್ತು? ಉತ್ತರ ಸಿಕ್ಕ ಮೇಲೆ ನಿಘಂಟು ತೆರೆಯಿರಿ.

ಇನ್ನೊಂದು ತಪ್ಪು ನನಗೆ ನಿಜಕ್ಕೂ ಬೇಸರ ತರುತ್ತದೆ. ಭಾರತದ ಹೆಸರೆಂದರೆ ಸಂಸ್ಕೃತವೇ ಇರಬೇಕು ಎಂದುಕೊಂಡು ಅಚ್ಚ ಕನ್ನಡ ಹೆಸರಿಗೂ ಸಂಸ್ಕೃತದ ಅರ್ಥ ಕಟ್ಟುವುದು. ಚೆನ್ನಮ್ಮ, ಕೆಂಪಮ್ಮ, ಮುತ್ತಣ್ಣ, ಪುಟ್ಟಸ್ವಾಮಿ, ಕರಿಯಪ್ಪ: ಇವುಗಳ ಮೊದಲ ತುಂಡು ಕನ್ನಡವೇ. ಚೆನ್ನ ಎಂದರೆ ಚೆಲುವು. ನಂಜುಂಡ ನೋಡಿ, ನಂಜು ಉಂಡವನು. ನೀಲಕಂಠ ಎಂಬ ಹೆಸರಿನ ಹಿಂದಿರುವ ಕತೆಯನ್ನೇ ಎರಡು ಕನ್ನಡ ಪದಗಳು ಹೇಳಿಬಿಟ್ಟಿವೆ. ನಂಜಮ್ಮ, ನಂಜಪ್ಪ ಎಲ್ಲ ಆ ದೇವರ ಕಡೆಯವರೇ. ಇಂಥ ಹೆಸರು ಮನೆಯಲ್ಲಿದ್ದರೆ ಅದನ್ನು ಹಳ್ಳಿ ಹೆಸರು ಎಂದು ಬದಿಗಿಡಬೇಡಿ. ಕನ್ನಡ ಅಲ್ಲಿ ಉಳಿದಿದೆ.

ಹಂತ 4: ಸರಿಯಾದ ನಿಘಂಟಿನಲ್ಲಿ ನೋಡಿ

ಕನ್ನಡಕ್ಕೆ ಕಿಟ್ಟೆಲ್ ನಿಘಂಟು ಈಗಲೂ ತುಂಬಾ ಉಪಯೋಗಕ್ಕೆ ಬರುತ್ತದೆ. 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದದ್ದು. ಪದ ಕನ್ನಡದ್ದೋ ಬೇರೆ ಕಡೆಯದೋ ಎಂಬುದನ್ನೂ ಅದು ಸೂಚಿಸುತ್ತದೆ. ಕನ್ನಡ ಸಾಹಿತ್ಯ ಪರಿಷತ್ತಿನ ದೊಡ್ಡ ನಿಘಂಟಿನಲ್ಲಿ ಹಳೆಯ ಶಾಸನ, ಕಾವ್ಯಗಳ ಬಳಕೆಯೂ ಸಿಗುತ್ತದೆ. ಫೋನಿನಲ್ಲಿ ಬೇಗ ನೋಡಲು ಅಲರ್ ಎಂಬ ಆನ್‌ಲೈನ್ ನಿಘಂಟು ಅನುಕೂಲ. ತಮಿಳು, ತೆಲುಗು, ತುಳುವಿನಲ್ಲಿ ಅದೇ ಪದ ಇದೆಯಾ ಎಂದು ನೋಡಲು ಬರೋ ಮತ್ತು ಎಮಿನೋ ಮಾಡಿದ ದ್ರಾವಿಡ ನಿಘಂಟು ಇದೆ. ಸಂಸ್ಕೃತಕ್ಕೆ ಆಪ್ಟೆ ಮತ್ತು ಮೋನಿಯರ್ ವಿಲಿಯಮ್ಸ್. ಜರ್ಮನಿಯ ಕಲೋನ್ ವಿಶ್ವವಿದ್ಯಾಲಯ ಇವನ್ನು ಆನ್‌ಲೈನಿನಲ್ಲಿ ಎಲ್ಲರಿಗೂ ತೆರೆದಿಟ್ಟಿದೆ. ಪಾರ್ಸಿಗೆ 1892ರ ಸ್ಟೈನ್‌ಗಾಸ್ ನಿಘಂಟು.

ಅರಬ್ಬಿ ನಿಘಂಟು ನೋಡುವಾಗ ಒಂದು ವಿಷಯ ಗೊತ್ತಿರಬೇಕು. ಆ ಭಾಷೆಯಲ್ಲಿ ಹೆಚ್ಚಿನ ಪದಗಳು ಮೂರು ವ್ಯಂಜನಗಳ ಮೂಲದಿಂದ ಹುಟ್ಟುತ್ತವೆ. ನಿಘಂಟಿನಲ್ಲಿ ಪದಗಳನ್ನು ಜೋಡಿಸುವುದೂ ಆ ಮೂಲದ ಪ್ರಕಾರವೇ. ಹ-ಮ-ದ ಎಂಬ ಮೂರು ಅಕ್ಷರಗಳಲ್ಲಿ ಹೊಗಳಿಕೆಯ ಅರ್ಥವಿದೆ. ಅದರಿಂದಲೇ ಮುಹಮ್ಮದ್, ಅಹ್ಮದ್, ಮಹಮೂದ್, ಹಮೀದ್ ಎಲ್ಲವೂ ಬಂದವು. ಸ-ಲ-ಮ ಎಂಬ ಮೂಲದಲ್ಲಿ ಸುರಕ್ಷಿತ, ನೆಮ್ಮದಿ ಎಂಬ ಅರ್ಥ. ಸಲೀಂ, ಸಲ್ಮಾ ಅಲ್ಲಿಂದ ಬಂದವರು, ದಿನವೂ ಹೇಳುವ ಸಲಾಂ ಕೂಡ. ಹೆಸರಿನ ಸ್ವರಗಳನ್ನು ತೆಗೆದು ಮೂಲ ಹುಡುಕಿದರೆ ಅರ್ಧ ಕೆಲಸ ಮುಗಿಯಿತು.

ನಿಘಂಟಿನಲ್ಲಿ ಪದವೇ ಸಿಗಲಿಲ್ಲ ಅಂದರೆ? ಅದೂ ಒಂದು ಉತ್ತರವೇ. ಈಚೆಗೆ ರಿಯಾಂಶ್ ತರಹದ ಹೆಸರುಗಳು ಜಾಸ್ತಿಯಾಗಿವೆ. ಅಂಶ ಸಂಸ್ಕೃತ ಪದ, ಪಾಲು ಎಂದರ್ಥ. ಆದರೆ 'ರಿಯಾ' ಎಂಬ ಪದ ಸಂಸ್ಕೃತ ನಿಘಂಟಿನಲ್ಲಿಲ್ಲ. ಅದಕ್ಕೆ ಪಟ್ಟಿಗಳಲ್ಲಿ ದೇವರ ಅಂಶ, ಸೂರ್ಯನ ಕಿರಣ ಎಂದೆಲ್ಲ ಕೊಟ್ಟಿರುವುದನ್ನು ನಂಬಬೇಕಾಗಿಲ್ಲ. ಕೇಳಲು ಇಂಪಾಗಿದೆ ಎಂದು ಇಡುವುದಾದರೆ ಧಾರಾಳವಾಗಿ ಇಡಿ. ಮುಂದೆ ಮಗು ಕೇಳಿದಾಗ "ನಮಗೆ ಆ ಸದ್ದು ಇಷ್ಟವಾಯಿತು" ಎನ್ನಿ. ಅದು ನಿಜವಾದ ಉತ್ತರ.

ನನ್ನ ನಿಯಮ ಇಷ್ಟು: ಅರ್ಥ ಹೇಳುವವರು ಯಾವ ಭಾಷೆ, ಯಾವ ಪದ ಎಂದು ಹೇಳದಿದ್ದರೆ ಆ ಅರ್ಥವನ್ನು ನೋಟ್‌ಬುಕ್ಕಿಗೆ ಸೇರಿಸಬೇಡಿ.

ಹಂತ 5: ಹೆಸರು ನಡೆದು ಬಂದ ದಾರಿ ಹಿಡಿಯಿರಿ

ಹೆಸರು ಒಂದು ಭಾಷೆಯಿಂದ ಇನ್ನೊಂದಕ್ಕೆ ಹೋದಾಗ ಅಲ್ಲಿನವರ ನಾಲಿಗೆಗೆ ಒಗ್ಗಿಕೊಳ್ಳುತ್ತದೆ. ಸಂಸ್ಕೃತದ ಪದ ಕನ್ನಡಕ್ಕೆ ಬಂದು ಬದಲಾದರೆ ತದ್ಭವ ಎನ್ನುತ್ತೇವೆ, ಶಾಲೆಯಲ್ಲಿ ಓದಿರುತ್ತೀರಿ. ವೃಷಭ ಬಸವ ಆಯಿತು. ಬ್ರಹ್ಮ ಬೊಮ್ಮ ಆಗಿ ಬೊಮ್ಮಣ್ಣ, ಬೊಮ್ಮಾಯಿ ಬಂದರು. ಲಕ್ಷ್ಮಿ ಲಕ್ಕಮ್ಮ ಆದಳು, ಕೃಷ್ಣ ಕಿಟ್ಟಪ್ಪ ಆದ, ಮಹಾದೇವ ಮಾದೇವ ಆಗಿ ಮಾದಪ್ಪ ಆದ. ಮನೆಯ ಹಳೆಯ ಹೆಸರು ನಿಘಂಟಿನಲ್ಲಿ ನೇರವಾಗಿ ಸಿಗದಿದ್ದರೆ ಮೊದಲು ಈ ದಾರಿ ಪ್ರಯತ್ನಿಸಿ. ಒತ್ತಕ್ಷರ ಸಡಿಲವಾಗಿರುತ್ತದೆ, ಮಹಾಪ್ರಾಣ ಬಿದ್ದುಹೋಗಿರುತ್ತದೆ, ಷ ಇದ್ದಲ್ಲಿ ಸ ಬಂದಿರುತ್ತದೆ.

ಇದೇ ತರಹ ಪೂರ್ವಕ್ಕೆ ಹೋದ ಹೆಸರುಗಳೂ ಇವೆ. ಇಂಡೋನೇಷ್ಯಾದ ಮೊದಲ ಅಧ್ಯಕ್ಷ ಸುಕರ್ಣೊ ಅವರ ಹೆಸರಿನಲ್ಲಿ ಇರುವುದು ಮಹಾಭಾರತದ ಕರ್ಣ. ಜಾವಾದ ಮಾತಿನಲ್ಲಿ ಕೊನೆಯ ಅ ಒ ಆಗುತ್ತದೆ, ಮುಂದಿನ 'ಸು' ಒಳ್ಳೆಯ ಎಂಬುದಕ್ಕೆ. ಅವರ ಮಗಳು, ಮುಂದೆ ತಾನೂ ಅಧ್ಯಕ್ಷೆಯಾದ ಮೇಗಾವತಿ ಸುಕರ್ಣೊಪುತ್ರಿ. ಮೇಘ, ಪುತ್ರಿ ಎರಡೂ ನಮಗೆ ಬಿಡಿಸಿ ಹೇಳಬೇಕಾಗಿಲ್ಲ. ಥಾಯ್ಲೆಂಡಿನ ರಾಜರಾಗಿದ್ದ ಭೂಮಿಬೋನ್ ಅದುನ್ಯದೇತ್ ಅವರ ಹೆಸರನ್ನು ಅಲ್ಲಿನ ಲಿಪಿಯಲ್ಲಿ ಬರೆದಂತೆ ಓದಿದರೆ ಭೂಮಿಬಲ ಅತುಲ್ಯತೇಜ. ಅವರ ರಾಣಿ ಸಿರಿಕಿತ್. ಆ ಸಿರಿ ಶ್ರೀ ಎಂಬುದರ ಪಾಲಿ ರೂಪ, ನಮ್ಮ ಸಿರಿಯೂ ಅದೇ ಶ್ರೀಯಿಂದ ಬಂದದ್ದು. ತುಳುನಾಡಿನ ಜನಪದ ಹಾಡುಗಳ ಸಿರಿಯನ್ನೂ ಥಾಯ್ಲೆಂಡಿನ ರಾಣಿಯನ್ನೂ ಒಂದೇ ಪದ ಕೂಡಿಸುವುದು ಎಷ್ಟು ಚೆಂದ!

ಪಶ್ಚಿಮದ ಕಡೆ ಅತಿ ಉದ್ದದ ದಾರಿ ನಡೆದದ್ದು ಹೀಬ್ರೂವಿನ ಯೋಹಾನಾನ್. ದೇವರು ಕೃಪೆ ತೋರಿದ ಎಂದು ಅರ್ಥ. ಇಂಗ್ಲಿಷಿನಲ್ಲಿ ಜಾನ್, ಸ್ಪೇನಿನಲ್ಲಿ ಹುವಾನ್, ಇಟಲಿಯಲ್ಲಿ ಜೊವಾನಿ, ರಷ್ಯಾದಲ್ಲಿ ಇವಾನ್, ಐರ್ಲೆಂಡಿನಲ್ಲಿ ಶಾನ್. ಪೋರ್ಚುಗೀಸರ ಕಡೆಯಿಂದ ಬಂದು ಕೊಂಕಣಿಯಲ್ಲಿ ಜುವಾಂವ್. ಬೈಬಲ್ಲಿನ ಕನ್ನಡದಲ್ಲಿ ಯೋಹಾನ. ಮಂಗಳೂರಿನ ಕ್ರೈಸ್ತರ ಡಿಸೋಜ ಕೂಡ ಪೋರ್ಚುಗೀಸರಿಂದ ಬಂದದ್ದೇ. ಅಲ್ಲಿನ 'ಡಿ' ಎಂದರೆ "ಇಂಥ ಕಡೆಯ", ಸೋಜ ಪೋರ್ಚುಗಲ್ಲಿನ ಸ್ಥಳದ ಹೆಸರು. ಆದರೆ ಆ ಮನೆಯವರ ಹಿರಿಯರು ಪೋರ್ಚುಗಲ್ಲಿನವರು ಎಂದು ಇದರಿಂದ ತಿಳಿಯಬೇಡಿ. ದೀಕ್ಷಾಸ್ನಾನದ ಹೊತ್ತಿಗೆ ಬಂದ ಅಡ್ಡಹೆಸರು ಅದು. ಅಡ್ಡಹೆಸರಿನ ಮೂಲವೇ ಮನೆಯವರ ಮೂಲ ಎಂದುಕೊಂಡು ವಂಶವೃಕ್ಷ ಬರೆಯುವವರು ಇಲ್ಲಿ ತಪ್ಪುತ್ತಾರೆ.

ದಾರಿಯ ನಡುವೆ ಒಬ್ಬ ಸಂತರೋ ದೇವರೋ ನಿಂತಿರುತ್ತಾರೆ. ಟಿಪ್ಪು ಸುಲ್ತಾನನಿಗೆ ಆ ಹೆಸರು ಬಂದದ್ದು ಆರ್ಕಾಟಿನ ಟಿಪ್ಪು ಮಸ್ತಾನ್ ಔಲಿಯಾ ಎಂಬ ಸೂಫಿ ಸಂತರಿಂದ. ಮಗನಿಗೆ ಪೀಟರ್ ಎಂದು ಹೆಸರಿಡುವ ತಾಯಿಯ ಮನಸ್ಸಿನಲ್ಲಿ ಇರುವುದು ಸಂತ ಪೇತ್ರ, ಗ್ರೀಕ್ ಭಾಷೆಯ ಬಂಡೆಯಲ್ಲ. ನಮ್ಮ ಕಲ್ಲಪ್ಪನ ಮನೆಯವರಿಗೂ ಹೀಗೆಯೇ, ಕಲ್ಲಿಗಿಂತ ಮೊದಲು ನೆನಪಾಗುವುದು ದೇವರು. ಪದದ ಅರ್ಥ ಬರೆದ ಮೇಲೆ "ಯಾರ ನೆನಪಿಗೆ" ಎಂದೂ ಒಂದು ಸಾಲು ಬರೆಯಿರಿ.

ಹಂತ 6: ಯಾಕೆ ಇಟ್ಟರು ಎಂದು ಕೇಳಿ

ಕೆಲವು ಕಡೆ ಹೆಸರು ಹುಟ್ಟಿದ ವಾರವನ್ನು ಹೇಳುತ್ತದೆ. ಘಾನಾದ ಅಕಾನ್ ಜನರಲ್ಲಿ ಶುಕ್ರವಾರ ಹುಟ್ಟಿದ ಗಂಡುಮಗು ಕೋಫಿ, ಶನಿವಾರದ್ದು ಕ್ವಾಮೆ. ವಿಶ್ವಸಂಸ್ಥೆಯ ಕೋಫಿ ಅನ್ನಾನ್ ಹುಟ್ಟಿದ್ದು 1938ರ ಏಪ್ರಿಲ್ 8, ಶುಕ್ರವಾರ. ನೈಜೀರಿಯಾದ ಯೊರುಬಾ ಜನರಲ್ಲಿ ಅವಳಿ ಮಕ್ಕಳಿಗೆ ಹೆಸರು ಮೊದಲೇ ಸಿದ್ಧ. ಮೊದಲು ಹೊರಬಂದ ಮಗು ತೈವೊ, ಲೋಕದ ರುಚಿ ಮೊದಲು ನೋಡಿದ್ದು. ಹಿಂದೆ ಬಂದದ್ದು ಕೆಹಿಂದೆ. ಅಜ್ಜ ತೀರಿಕೊಂಡ ಮೇಲೆ ಹುಟ್ಟಿದ ಗಂಡುಮಗು ಬಾಬಾತುಂದೆ, ಅಪ್ಪ ಮರಳಿ ಬಂದ ಎಂದು. ಅಜ್ಜನ ಹೆಸರನ್ನೇ ಮೊಮ್ಮಗನಿಗೆ ಇಡುವ ನಮ್ಮ ಮನೆಗಳಿಗೆ ಆ ಭಾವ ಹೊಸದಲ್ಲ.

ನಮ್ಮಲ್ಲಿ ಜನ್ಮನಕ್ಷತ್ರದ ಪಾದಕ್ಕೆ ತಕ್ಕ ಅಕ್ಷರ ಕೊಡುತ್ತಾರೆ, ಅಶ್ವಿನಿಗೆ ಚೂ, ಚೇ, ಚೋ, ಲಾ ಎಂಬಂತೆ. ಬರ್ಮಾದಲ್ಲಿ ಹುಟ್ಟಿದ ವಾರಕ್ಕೆ ಅಕ್ಷರ ಇದೆ. ಹೀಗೆ ಬಂದ ಹೆಸರಿನಲ್ಲಿ ಮೊದಲ ಅಕ್ಷರವೇ ಕಾರಣ, ಅರ್ಥ ಆಮೇಲೆ ಬಂದದ್ದು.

ಇನ್ನು ಕೇಳಲು ಕಷ್ಟವಾಗುವ ಹೆಸರುಗಳು. ತಿಪ್ಪಣ್ಣ, ತಿಪ್ಪಮ್ಮ, ಗುಂಡಪ್ಪ, ತಿರುಕಪ್ಪ ಎಂಬ ಹೆಸರುಗಳನ್ನು ನೋಡಿ ಈಗಿನ ಮಕ್ಕಳು ನಗುತ್ತಾರೆ. ದಯವಿಟ್ಟು ಅವರಿಗೆ ಹಿನ್ನೆಲೆ ಹೇಳಿ. ಹುಟ್ಟಿದ ಮಕ್ಕಳು ಒಂದಾದ ಮೇಲೊಂದು ಸಾಯುತ್ತಿದ್ದ ಮನೆಯಲ್ಲಿ, ಮುಂದಿನ ಮಗುವನ್ನು ತಿಪ್ಪೆಯ ಮೇಲೆ ಉರುಳಿಸಿ ಎತ್ತಿಕೊಂಡು, ಯಾರ ಕಣ್ಣೂ ಬೀಳದ ಹೆಸರಿಡುತ್ತಿದ್ದರು. ಸಾವು ಕೂಡ ಈ ಮಗು ಬೇಡ ಎಂದು ಬಿಟ್ಟು ಹೋಗಲಿ ಎಂಬ ಆಸೆ. ಆ ಹೆಸರಿನಲ್ಲಿ ಕೀಳು ಏನೂ ಇಲ್ಲ, ಇರುವುದು ಹೆತ್ತವರ ಭಯ ಮತ್ತು ಪ್ರೀತಿ. ಆದರೆ ಅವಸರದ ತೀರ್ಮಾನವೂ ಬೇಡ. ಚಿತ್ರದುರ್ಗದ ಕಡೆಯ ತಿಪ್ಪೇಸ್ವಾಮಿ ಎಂಬ ಹೆಸರು ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿಯ ಭಕ್ತಿಯಿಂದ ಬಂದಿರುತ್ತದೆ. ಯಾವುದು ಎಂದು ಮನೆಯವರೇ ಹೇಳಬೇಕು.

ಸಾಕಮ್ಮ ಎಂಬ ಹೆಸರು ಇನ್ನೂ ಸೂಕ್ಷ್ಮ. ಅಕ್ಕರೆಯಿಂದ ಸಾಕಿದವಳು ಎಂದೂ ಆಗಬಹುದು, ಹೆಣ್ಣು ಇನ್ನು ಸಾಕು ಎಂದೂ ಆಗಬಹುದು. ತಮಿಳುನಾಡಿನಲ್ಲಿ ಪೋದುಂಪೊಣ್ಣು ಎಂಬ ಹೆಸರಿದೆ, ಹೆಣ್ಣು ಸಾಕು ಎಂದೇ ಅರ್ಥ. ಮಹಾರಾಷ್ಟ್ರದಲ್ಲಿ ನಕುಶಾ, ಅಂದರೆ ಬೇಡವಾದವಳು. 2011ರಲ್ಲಿ ಸಾತಾರಾ ಜಿಲ್ಲೆಯಲ್ಲಿ ಈ ಹೆಸರು ಹೊತ್ತ 280ಕ್ಕೂ ಹೆಚ್ಚು ಹೆಣ್ಣುಮಕ್ಕಳಿಗೆ ಸಮಾರಂಭ ಮಾಡಿ ಹೊಸ ಹೆಸರು ಕೊಟ್ಟರು. ಇಂಥ ಹೆಸರಿನವರನ್ನು ನಾಲ್ಕು ಜನರ ಮುಂದೆ "ಅರ್ಥ ಏನು" ಎಂದು ಕೇಳಬೇಡಿ. ಅವರಿಗೆ ಹೇಳಬೇಕೆನಿಸಿದರೆ ಹೇಳುತ್ತಾರೆ.

ಹಂತ 7: ಮಗುವಿಗೆ ಇಡುವ ಹೆಸರಾದರೆ ಇಷ್ಟು ಪರೀಕ್ಷೆ ಮಾಡಿ

ಹೆಸರನ್ನು ಕನ್ನಡದಲ್ಲಿ ಬರೆದು ಗಟ್ಟಿಯಾಗಿ ಕರೆಯಿರಿ. ತಂದೆಯ ಹೆಸರೋ ಅಡ್ಡಹೆಸರೋ ಸೇರಿಸಿ ಕರೆಯಿರಿ. ನೀವಿರುವ ದೇಶದ ಭಾಷೆಯಲ್ಲಿ ಆ ಸದ್ದಿಗೆ ಬೇರೆ ಅರ್ಥ ಇದೆಯಾ ಎಂದು ಅಲ್ಲಿನವರನ್ನೇ ಕೇಳಿ. ಕಮಲ ಎಂದರೆ ಫಿನ್ಲೆಂಡಿನ ಭಾಷೆಯಲ್ಲಿ ಭಯಂಕರ. ಅರಬ್ಬಿಯಲ್ಲಿ ರಿಯಾ ಎಂದರೆ ತೋರಿಕೆಗೆ ಮಾಡುವ ಭಕ್ತಿ. ಇಷ್ಟಕ್ಕೇ ಹೆಸರು ಬಿಡಬೇಕಾಗಿಲ್ಲ. ಹೆಲ್ಸಿಂಕಿಯಲ್ಲಿ ಶಾಲೆಗೆ ಹೋಗುವ ಮಗುವಾದರೆ ಯೋಚಿಸಿ, ಹಾಸನದಲ್ಲಿ ಬೆಳೆಯುವ ಮಗುವಿಗೆ ಅದರ ಚಿಂತೆ ಯಾಕೆ?

ಅದೃಷ್ಟಕ್ಕೆ 'ಎ' ಎರಡು ಸಲ, 'ಎಚ್' ಒಂದು ಜಾಸ್ತಿ ಎಂದು ಇಂಗ್ಲಿಷ್ ಸ್ಪೆಲ್ಲಿಂಗ್ ತಿರುಚಿದರೆ ಅರ್ಥ ಬದಲಾಗುವುದಿಲ್ಲ. ಉಚ್ಚಾರಣೆ ಮಾತ್ರ ಕೆಡುತ್ತದೆ, ಮತ್ತೆ ದಾಖಲೆಗೊಂದು ಸ್ಪೆಲ್ಲಿಂಗ್ ಆಗಿ ಮಗು ದೊಡ್ಡದಾದ ಮೇಲೆ ಅಲೆಯಬೇಕಾಗುತ್ತದೆ.

ಅಡ್ಡಹೆಸರಿಲ್ಲದೆ ಒಂದೇ ಪದದ ಹೆಸರಿರುವ ಮಕ್ಕಳು ಹೊರದೇಶಕ್ಕೆ ಹೋಗುವಾಗಲೂ ತೊಂದರೆ ಇದೆ. ಪಾಸ್‌ಪೋರ್ಟಿನಲ್ಲಿ ಸ್ವಂತ ಹೆಸರು ಮತ್ತು ಅಡ್ಡಹೆಸರಿಗೆ ಬೇರೆ ಬೇರೆ ಜಾಗ ಇರುತ್ತದೆ. ಸ್ವಂತ ಹೆಸರಿನ ಜಾಗ ಖಾಲಿ ಇದ್ದರೆ ಅಮೆರಿಕದ ವೀಸಾದಲ್ಲಿ ಅಲ್ಲಿ 'ಎಫ್ಎನ್‌ಯು' ಎಂದು ಬರುತ್ತದೆ. ಮೊದಲ ಹೆಸರು ಗೊತ್ತಿಲ್ಲ ಎಂದು ಅದರ ಅರ್ಥ. ಅಷ್ಟು ಅಕ್ಕರೆಯಿಂದ ಹುಡುಕಿದ ಹೆಸರಿಗೆ ಹೀಗಾಗುವುದು ಬೇಡ. ಇನಿಷಿಯಲ್ ಬಿಡಿಸಿದ ರೂಪ ಏನು, ಯಾವ ಜಾಗದಲ್ಲಿ ಏನು ಬರಬೇಕು ಎಂದು ಜನನ ಪ್ರಮಾಣಪತ್ರ ಮಾಡಿಸುವ ಮೊದಲೇ ಮನೆಯಲ್ಲಿ ಕೂತು ತೀರ್ಮಾನಿಸಿ.

ಅವಸರವೂ ಬೇಡ. ಹುಟ್ಟಿದ 21 ದಿನದೊಳಗೆ ಜನನ ನೋಂದಣಿ ಆಗಬೇಕು, ಆದರೆ ಹೆಸರಿಲ್ಲದೆಯೂ ನೋಂದಣಿ ಮಾಡಿಸಬಹುದು. ನೋಂದಣಿ ಆದ 12 ತಿಂಗಳೊಳಗೆ ಶುಲ್ಕವಿಲ್ಲದೆ ಹೆಸರು ಸೇರಿಸಬಹುದು. ಆಮೇಲೂ 15 ವರ್ಷದವರೆಗೆ ತಡ ಶುಲ್ಕ ಕಟ್ಟಿ ಸೇರಿಸಲು ಅವಕಾಶ ಇದೆ. ಆಸ್ಪತ್ರೆಯಲ್ಲಿ ಫಾರಂ ಕೊಟ್ಟರು ಎಂದು ಸುಮ್ನೆ ಫೋನಿನಲ್ಲಿ ಕಂಡ ಹೆಸರು ಬರೆದು ಕೊಡಬೇಡಿ. ಮನೆಗೆ ಬನ್ನಿ, ನಿಘಂಟು ನೋಡಿ, ಅಜ್ಜಿಯನ್ನು ಕೇಳಿ. ತೀರ್ಮಾನವಾದ ಮೇಲೆ ಹೆಸರು, ಅದರ ಭಾಷೆ, ಪದದ ಅರ್ಥ, ಯಾರ ನೆನಪಿಗೆ ಇಟ್ಟಿರಿ, ಯಾರು ಸೂಚಿಸಿದರು ಎಂಬ ಐದು ವಿಷಯವನ್ನು ಕನ್ನಡದಲ್ಲೇ ಬರೆದು ಜನನ ಪ್ರಮಾಣಪತ್ರದ ಜೊತೆಗೆ ಇಟ್ಟುಬಿಡಿ.